ಮುಟ್ಟು ನಿಂತ ಮೇಲೆ ಎದ್ದ ಕಪ್ಪು ಮಚ್ಚೆ

ಪ್ರಶ್ನೆ: ನನಗೆ 57. ಮುಟ್ಟು ನಿಂತು ಏಳು ವರ್ಷ. ಗುಪ್ತಾಂಗದ ತುಟಿಯ ಒಳಬದಿಗೆ ಕಪ್ಪು ಮಚ್ಚೆ ಎದ್ದಿದೆ. ಮೂರು ತಿಂಗಳಿಂದ ನವೆ, ಈಚೆಗೆ ಲಂಗಕ್ಕೆ ರಕ್ತ ಹತ್ತುತ್ತಿದೆ. ಮೆಡಿಕಲ್‌ನಲ್ಲಿ ಕೊಟ್ಟ ಮುಲಾಮು ಹಚ್ಚುತ್ತಿದ್ದೇನೆ. ಯಜಮಾನರಿಗೆ ಹೇಳಲು ನಾಚಿಕೆ. ಚಾಕು ತಾಗಿದರೆ ಕ್ಯಾನ್ಸರ್ ಹರಡುತ್ತೆ ಅಂತಾರೆ ವಾರಗಿತ್ತಿ. ಏನು ಮಾಡಲಿ?
— ಮುಳಬಾಗಿಲು ತಾಲ್ಲೂಕಿನ ಓದುಗರು

ಉತ್ತರ: ಅಮ್ಮಾ, ಈ ವಾರವೇ ತೋರಿಸಿ. ಬಯಾಪ್ಸಿ, ಅಂದರೆ ಮಚ್ಚೆಯ ತುಣುಕು ತೆಗೆದು ಲ್ಯಾಬಿನಲ್ಲಿ ಪರೀಕ್ಷೆ, ಮಾಡಿದರೆ ಕ್ಯಾನ್ಸರ್ ಹರಡುವುದಿಲ್ಲ, ತಡ ಮಾಡಿದರೆ ಹರಡಬಹುದು. ವಾರಗಿತ್ತಿಗೂ ಇದನ್ನೇ ಹೇಳಿ.

ಅಲ್ಲಿನ ಕಪ್ಪು ಮಚ್ಚೆಗಳಲ್ಲಿ ಹೆಚ್ಚಿನವು ನಿರಪಾಯ. ಚರ್ಮಕ್ಕೆ ಬಣ್ಣ ಕೊಡುವ ಜೀವಕೋಶಗಳಲ್ಲಿ ಹುಟ್ಟುವ ಮೆಲನೋಮಾ ಅಪರೂಪದ ಕ್ಯಾನ್ಸರ್. ಬಿಸಿಲು ಬೀಳದ ಜಾಗದಲ್ಲೂ ಬರುತ್ತದೆ, ವಯಸ್ಸಾದವರಲ್ಲೇ ಹೆಚ್ಚು. ಕೆಲವು ಕಪ್ಪಗಿರದೆ ಕೆಂಪು ಗಂಟಿನಂತೆಯೂ ಕಾಣುತ್ತವೆ. ನುರಿತ ವೈದ್ಯರಿಗೂ ಬರೀ ಕಣ್ಣಲ್ಲಿ ತೀರ್ಮಾನಿಸಲಾಗದು. ನಿಮ್ಮಲ್ಲಿ ನವೆ, ರಕ್ತ ಎರಡೂ ಇರುವುದರಿಂದ ಕಾದು ನೋಡುವ ಪ್ರಶ್ನೆಯೇ ಇಲ್ಲ.

ಮುಲಾಮು ನಿಲ್ಲಿಸಿ. ಕೇಳಿದ ತಕ್ಷಣ ಕೊಡುವ ಮುಲಾಮುಗಳಲ್ಲಿ ಎಷ್ಟೋ ಸಲ ಸ್ಟೆರಾಯ್ಡ್ ಇರುತ್ತದೆ. ನವೆ ಅಡಗುತ್ತದೆ, ರೋಗ ಮಾತ್ರ ಅಲ್ಲೇ ಉಳಿಯುತ್ತದೆ. ಟ್ಯೂಬನ್ನು ಜೊತೆಗೆ ಒಯ್ಯಿರಿ.

ಬಯಾಪ್ಸಿಗೆ ಮರಗಟ್ಟಿಸುವ ಇಂಜೆಕ್ಷನ್ ಕೊಟ್ಟು ಸುಮಾರು 4 ಮಿ.ಮೀ. ಅಗಲದ ತುಣುಕನ್ನು ಚರ್ಮದ ಪೂರ್ತಿ ಆಳಕ್ಕೆ ತೆಗೆಯುತ್ತಾರೆ. ಮಚ್ಚೆ ಚಿಕ್ಕದಾದರೆ ಇಡಿಯಾಗಿಯೇ ತೆಗೆಯಬಹುದು. ಒಂದೆರಡು ಹೊಲಿಗೆ, ಅದೇ ದಿನ ಮನೆಗೆ. ರಕ್ತ ತೆಳುವಾಗಿಸುವ ಮಾತ್ರೆ ನುಂಗುತ್ತಿದ್ದರೆ ಮೊದಲೇ ತಿಳಿಸಿ. ಮೂತ್ರ ಮಾಡುವಾಗ ಉರಿದರೆ ಜೊತೆಗೇ ಉಗುರುಬೆಚ್ಚಗಿನ ನೀರು ಸುರಿದುಕೊಳ್ಳಿ.

ಒಂದು ವಿಷಯದಲ್ಲಿ ಹಟ ಹಿಡಿಯಿರಿ. ಯಾರಾದರೂ 'ಸುಟ್ಟು ತೆಗೆದುಬಿಡೋಣ' ಅಂದರೆ ಒಪ್ಪಬೇಡಿ. ಸುಟ್ಟರೆ ಲ್ಯಾಬಿಗೆ ಕಳಿಸಲು ಏನೂ ಉಳಿಯದು. ಮೇಲ್ಮೇಲೆ ಹೆರೆದರೂ ಆಳ ತಿಳಿಯದು. ಮೆಲನೋಮಾ ಅಂತಾದರೆ ಚಿಕಿತ್ಸೆ ಬಹುಪಾಲು ನಿರ್ಧಾರವಾಗುವುದೇ ಆ ಆಳದ ಮೇಲೆ. ರಿಪೋರ್ಟಿನಲ್ಲಿ 'ಬ್ರೆಸ್ಲೋ' ಅಂತ ಮಿ.ಮೀ. ಲೆಕ್ಕದಲ್ಲಿ ಇರುತ್ತದೆ. ಆಗ ಸುತ್ತಲಿನ 1–2 ಸೆಂ.ಮೀ. ಚರ್ಮ ಸೇರಿಸಿ ತೆಗೆಯುತ್ತಾರೆ, ಆಳ ಹೆಚ್ಚಿದ್ದರೆ ತೊಡೆಸಂದಿನ ಗ್ರಂಥಿಯನ್ನೂ ಪರೀಕ್ಷಿಸುತ್ತಾರೆ. ಅಂಥ ಆಪರೇಷನ್‌ಗೆ ಬೆಂಗಳೂರಿನ ಕಿದ್ವಾಯಿಯಂಥ ಕ್ಯಾನ್ಸರ್ ಆಸ್ಪತ್ರೆಯೇ ಸರಿ.

ಮೊದಲ ತಪಾಸಣೆಗೆ ಕೋಲಾರದ ಎಸ್‌ಎನ್‌ಆರ್ ಜಿಲ್ಲಾ ಆಸ್ಪತ್ರೆಯ ಸ್ತ್ರೀರೋಗ ವಿಭಾಗಕ್ಕೆ ಹೋಗಿ. ಆಧಾರ್, ರೇಷನ್ ಕಾರ್ಡ್ ಇಟ್ಟುಕೊಳ್ಳಿ. ರಕ್ತ ಗರ್ಭಕೋಶದಿಂದಲೂ ಬರುತ್ತಿರಬಹುದು, ಒಳಗನ್ನೂ ನೋಡಲು ಕೇಳಿ. ಯಜಮಾನರಿಗೆ ಸದ್ಯಕ್ಕೆ 'ಮುಟ್ಟು ನಿಂತ ಮೇಲೂ ರಕ್ತ ಕಾಣ್ತಿದೆ' ಅಂದರೆ ಸಾಕು. ಒಪಿಡಿಯಲ್ಲಿ ಬಾಯಿಬಿಟ್ಟು ಹೇಳಲು ಆಗದಿದ್ದರೆ 'ಕಪ್ಪು ಮಚ್ಚೆ, ಮೂರು ತಿಂಗಳ ನವೆ, ರಕ್ತ' ಅಂತ ಚೀಟಿ ಬರೆದು ಡಾಕ್ಟರಮ್ಮನ ಕೈಗೆ ಕೊಡಿ.