ಕ್ಯಾಮೆರಾ ಯಾರ ಕೈಲಿತ್ತು?

ಮಾನ್ಯರೇ,

ಚೀನಾದ ಕಮ್ಯುನಿಸ್ಟ್ ನಾಯಕ ಮಾವೋ ಕುರಿತ ಸಾಕ್ಷ್ಯಚಿತ್ರ ನೋಡಿ ನೀವು ಬರೆದ ಪತ್ರ ಓದಿದೆ. ‘ತಿಯಾನನ್‌ಮೆನ್ ಚೌಕದಲ್ಲಿ ಲಕ್ಷಾಂತರ ಮಕ್ಕಳು ಮಾವೋ ಮಾತುಗಳ ಕೆಂಪು ಪುಸ್ತಕ ಎತ್ತಿ ಹಿಡಿದು ಖುಷಿಯಿಂದ ಅಳುತ್ತಾರೆ. ಜನರಿಗೇ ಅಷ್ಟು ಇಷ್ಟವಾಗಿದ್ದ ಸಾಂಸ್ಕೃತಿಕ ಕ್ರಾಂತಿಯನ್ನು ನಿಮ್ಮ ಪತ್ರಿಕೆ ಬರೀ ಕ್ರೌರ್ಯ ಎಂದದ್ದು ಸರಿಯಾ?’ ಎಂದು ಕೇಳಿದ್ದೀರಿ. ಹಳೆಯದನ್ನೆಲ್ಲ ಕಿತ್ತುಹಾಕಿ ಎಂದು ವಿದ್ಯಾರ್ಥಿಗಳನ್ನು ಎಬ್ಬಿಸಿ ಮಾವೋ 1966ರಲ್ಲಿ ಶುರು ಮಾಡಿದ, 1976ರವರೆಗೆ ನಡೆದ ಚಳವಳಿ ಅದು.

ಆ ಮಕ್ಕಳ ಖುಷಿ ನಿಜವಾದದ್ದೇ. ಹದಿನಾರು ಹದಿನೇಳರ ವಯಸ್ಸು. ದೇಶದ ನಾಯಕರೇ ‘ದಂಗೆ ಏಳುವುದು ನ್ಯಾಯ’ ಎಂದರೆ ಯಾರಿಗೆ ಮೈ ಜುಮ್ಮೆನ್ನುವುದಿಲ್ಲ? ಆದರೆ ಆ ದೃಶ್ಯ ಸೆರೆಹಿಡಿದದ್ದು ಸರ್ಕಾರದ ಕ್ಯಾಮೆರಾ. ಅದು ಎಲ್ಲಿಗೆ ಹೋಗಲಿಲ್ಲ ಅಂತಲೂ ಕೇಳಬೇಕು, ಅಲ್ವಾ?

1966ರ ಆಗಸ್ಟ್ 18ರ ರ‍್ಯಾಲಿಯಲ್ಲಿ ಎರಡು ಜಡೆಯ, ಕನ್ನಡಕದ ಹುಡುಗಿಯೊಬ್ಬಳು ಮಾವೋ ತೋಳಿಗೆ ‘ರೆಡ್ ಗಾರ್ಡ್’ ಎಂಬ ವಿದ್ಯಾರ್ಥಿ ಪಡೆಯ ಕೆಂಪು ಪಟ್ಟಿ ಕಟ್ಟಿದಳು. ಅವಳು ಸೋಂಗ್ ಬಿನ್‌ಬಿನ್, ಬೀಜಿಂಗಿನ ಹೆಸರಾಂತ ಹೆಣ್ಣುಮಕ್ಕಳ ಶಾಲೆಯೊಂದರ ವಿದ್ಯಾರ್ಥಿ ನಾಯಕಿ. ಅದಕ್ಕೆ 13 ದಿನ ಮೊದಲು, ಆಗಸ್ಟ್ 5ರಂದು, ಅದೇ ಶಾಲೆಯ ಉಪಪ್ರಾಂಶುಪಾಲೆ ಬಿಯಾನ್ ಝೊಂಗ್‌ಯುನ್ ಅವರನ್ನು ವಿದ್ಯಾರ್ಥಿನಿಯರೇ ಹೊಡೆದು ಕೊಂದಿದ್ದರು. ನಾಲ್ಕು ಮಕ್ಕಳ ತಾಯಿ ಆಕೆ. ಅವರ ಗಂಡ ವಾಂಗ್ ಜಿಂಗ್‌ಯಾವೊ ಒಂದು ಕ್ಯಾಮೆರಾ ಕೊಂಡು ತಂದರು. ಹೆಂಡತಿಯ ಹೆಣದ ಫೋಟೊ ತೆಗೆದರು, ಮೈಮೇಲಿನ ಗಾಯಗಳು ಕಾಣುವ ಹಾಗೆ. ರಕ್ತ ಹತ್ತಿದ ಬಟ್ಟೆಗಳನ್ನೂ ಎತ್ತಿಟ್ಟರು. ದಶಕಗಳ ಕಾಲ ಎಲ್ಲವನ್ನೂ ಜೋಪಾನ ಮಾಡಿದರು.

ಇದೆಲ್ಲ ಸುಮ್ನೆ ಶುರುವಾದದ್ದಲ್ಲ. ಕೃಷಿ, ಕೈಗಾರಿಕೆಯನ್ನು ಒಮ್ಮೆಲೇ ಬೆಳೆಸಲು ಮಾವೋ ತಂದ 1958ರ ‘ಮಹಾ ಜಿಗಿತ’ ಯೋಜನೆ ಕ್ಷಾಮ ತಂದಿತು. ಕೋಟಿಗಟ್ಟಲೆ ಜನ ಹಸಿವಿನಿಂದ ಸತ್ತರು. ಆಡಳಿತದ ಹಿಡಿತ ಪಕ್ಷದ ಇತರ ನಾಯಕರಾದ ಲ್ಯೂ ಶಾವೊಚಿ, ಡೆಂಗ್ ಷಿಯಾವೊಪಿಂಗ್ ಅವರ ಕಡೆಗೆ ಜಾರಿತು. ಅದನ್ನು ಮತ್ತೆ ಕೈಗೆ ತಂದುಕೊಳ್ಳಲು ಮಾವೋ ಈ ಮಕ್ಕಳನ್ನು ಎಬ್ಬಿಸಿದರು. ಕೆಲಸ ಆದಮೇಲೆ, 1968ರಿಂದ, ಅದೇ ಮಕ್ಕಳನ್ನು ಹಳ್ಳಿಗಳಿಗೆ ಅಟ್ಟಿದರು. ಹಾಗೆ ಹೋದವರು ಒಂದೂವರೆ ಕೋಟಿಗೂ ಜಾಸ್ತಿ. ದೇಶದ ಅಧ್ಯಕ್ಷರಾಗಿದ್ದ ಲ್ಯೂ 1969ರಲ್ಲಿ ಕೈಫೆಂಗ್‌ನಲ್ಲಿ ಬಂದಿಯಾಗಿಯೇ ಸತ್ತರು. ಅವರ ಹೆಣವನ್ನು ಸುಳ್ಳು ಹೆಸರು ಬರೆಸಿ ಸುಟ್ಟರು. ಆ ಹತ್ತು ವರ್ಷ ದೇಶಕ್ಕೆ ಭಾರೀ ನಷ್ಟವಾಯಿತೆಂದು 1981ರಲ್ಲಿ ಚೀನಾದ ಕಮ್ಯುನಿಸ್ಟ್ ಪಕ್ಷವೇ ಒಪ್ಪಿಕೊಂಡಿದೆ.

2014ರ ಜನವರಿಯಲ್ಲಿ ಸೋಂಗ್ ಆ ಶಾಲೆಗೆ ಬಂದು, ಬಿಯಾನ್ ಅವರ ಪ್ರತಿಮೆಗೆ ತಲೆಬಾಗಿ, ಶಿಕ್ಷಕರನ್ನು ಕಾಪಾಡಲಾಗಲಿಲ್ಲ ಎಂದು ಕ್ಷಮೆ ಕೇಳಿದರು. ತಾವು ಹೊಡೆದವರಲ್ಲ ಎಂಬುದು ಅವರ ಮಾತು. ತೊಂಬತ್ತು ದಾಟಿದ್ದ ವಾಂಗ್ ಆ ಕ್ಷಮೆಯನ್ನು ಒಪ್ಪಲಿಲ್ಲ. ಆಗಸ್ಟ್ 5ರಂದು ನಡೆದದ್ದರ ಪೂರ್ತಿ ಸತ್ಯ ಮೊದಲು ಹೊರಬರಲಿ ಎಂದರು.

ನಮ್ಮ ಲೇಖನ ವಾಂಗ್ ಅಂಥವರ ಪರವಾಗಿದೆ. ಅದರಲ್ಲಿ ಒಂದು ಸಾಲನ್ನೂ ನಾವು ಬದಲಿಸುವುದಿಲ್ಲ.

– ಸಂಪಾದಕ