ಹೆಗಡೆ, ಹೆಬ್ಬಾಳ, ಹೆಮ್ಮೆ: ಮೂರು ಪ್ರಶ್ನೆಗಳಿಗೆ ಒಂದೇ ಬೇರು

ಈ ಬಾರಿ ಉತ್ತರಕ್ಕೆ ಎತ್ತಿಕೊಂಡಿರುವ ಮೂರು ಪ್ರಶ್ನೆಗಳನ್ನು ಕೇಳಿದವರು ಬೇರೆ ಬೇರೆ ಊರಿನವರು. ಒಂದು ಮನೆತನದ ಹೆಸರನ್ನೂ ಇನ್ನೊಂದು ಊರಿನ ಹೆಸರನ್ನೂ ಮತ್ತೊಂದು ದಿನಬಳಕೆಯ ಪದವನ್ನೂ ಕುರಿತದ್ದು. ಮೂರರ ಒಳಗೂ ದೊಡ್ಡ, ಹಿರಿಯ ಎಂಬ ಅರ್ಥದ ‘ಪೆರ್’ ಎಂಬ ಒಂದೇ ಹಳಗನ್ನಡ ಶಬ್ದ ಅಡಗಿರುವುದರಿಂದ ಅವುಗಳನ್ನು ಒಟ್ಟಿಗೆ ಉತ್ತರಿಸುತ್ತಿದ್ದೇನೆ.

ಪ್ರಶ್ನೆ: ನಮ್ಮದು ಶಿರಸಿ ಸೀಮೆಯ ಹೆಗಡೆ ಮನೆತನ. ಕರಾವಳಿಯ ಬಂಟರಲ್ಲಿಯೂ ಜೈನರಲ್ಲಿಯೂ ಹೆಗ್ಡೆ, ಹೆಗ್ಗಡೆ ಎಂಬ ಹೆಸರಿದೆ. ನಾವೆಲ್ಲ ಒಂದು ಕಾಲದಲ್ಲಿ ಒಂದೇ ಮೂಲದವರಾಗಿದ್ದೆವೇ?

ಉತ್ತರ: ಹೆಸರಿನ ಮೂಲ ಒಂದೇ. ಆದರೆ ಅದರಿಂದ ಮನೆತನಗಳ ಮೂಲವೂ ಒಂದೇ ಎಂದು ಹೇಳಲು ಬರುವುದಿಲ್ಲ, ಏಕೆಂದರೆ ಹೆಗ್ಗಡೆ ಎಂಬುದು ಮೊದಲಿಗೆ ಕುಲದ ಹೆಸರಾಗಿರದೆ ಅಧಿಕಾರದ ಹೆಸರಾಗಿತ್ತು. ಶಾಸನಗಳಲ್ಲಿ ಅದರ ಹಳೆಯ ರೂಪ ‘ಪೆರ್ಗಡೆ’, ಅಂದರೆ ಹಿರಿಯ ಅಧಿಕಾರಿ ಅಥವಾ ಮುಖ್ಯಸ್ಥ. ಕಲ್ಯಾಣದ ಚಾಲುಕ್ಯರ ಕಾಲದ ಶಾಸನಗಳಲ್ಲಿ ಅರಮನೆಯ ಆಡಳಿತವನ್ನು ನೋಡಿಕೊಳ್ಳುತ್ತಿದ್ದ ‘ಮನೆವೆರ್ಗಡೆ’ಯೂ ಸುಂಕದ ಹೊಣೆ ಹೊತ್ತಿದ್ದ ‘ಸುಂಕವೆರ್ಗಡೆ’ಯೂ ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತಾರೆ. ಇಂಥ ಹುದ್ದೆಯನ್ನು ಯಾವ ಸಮುದಾಯದವರು ಹಿಡಿದಿದ್ದರೋ ಆ ಸಮುದಾಯದಲ್ಲಿ ಕಾಲಾಂತರದಲ್ಲಿ ಅದು ಮನೆತನದ ಹೆಸರಾಗಿ ಉಳಿಯಿತು. ಹವ್ಯಕರಲ್ಲಿ, ಬಂಟರಲ್ಲಿ, ಜೈನರಲ್ಲಿ ಅದು ಹಂಚಿಹೋಗಿರುವುದಕ್ಕೆ ಕಾರಣ ಇದೇ. ಲೆಕ್ಕಪತ್ರ ಬರೆಯುತ್ತಿದ್ದ ‘ಸೇನಬೋವ’ನು ಶಾನುಭೋಗನಾದದ್ದೂ ಊರಿನ ಮುಖ್ಯಸ್ಥನಾದ ‘ಗಾವುಂಡ’ನು ಗೌಡನಾದದ್ದೂ ಇದೇ ಬಗೆಯ ಕಥೆ. ಮೈಸೂರು ಜಿಲ್ಲೆಯ ಹೆಗ್ಗಡದೇವನಕೋಟೆಯ ಹೆಸರಿನಲ್ಲಿಯೂ ನಿಮ್ಮ ಮನೆತನದ ಹೆಸರೇ ಇದೆ.

ಪೆರ್ಗಡೆ ಹೆಗ್ಗಡೆಯಾದದ್ದು ಎರಡು ಧ್ವನಿಬದಲಾವಣೆಗಳಿಂದ. ಪದದ ಮೊದಲಲ್ಲಿದ್ದ ಪಕಾರವು ಸುಮಾರು ಹತ್ತನೆಯ ಶತಮಾನದಿಂದ ಹಕಾರವಾಗಿ ತಿರುಗತೊಡಗಿತು. ಪಾಲು ಹಾಲಾಯಿತು, ಪೂ ಹೂವಾಯಿತು, ಪಳ್ಳಿ ಹಳ್ಳಿಯಾಯಿತು. ವ್ಯಂಜನಕ್ಕೆ ಮೊದಲು ಬರುತ್ತಿದ್ದ ರೇಫವು, ಅಂದರೆ ‘ರ್’ ಧ್ವನಿಯು, ಆ ವ್ಯಂಜನದಲ್ಲಿಯೇ ಲೀನವಾಗಿ ಅದನ್ನು ಇಮ್ಮಡಿಸಿತು. ಇರ್ಪತ್ತು ಇಪ್ಪತ್ತಾದದ್ದು, ಕರ್ಪು ಕಪ್ಪಾದದ್ದು ಹೀಗೆಯೇ. ಈ ಎರಡನ್ನು ತಿಳಿದವರಿಗೆ ಹೆಮ್ಮರ, ಹೆಜ್ಜೇನು, ಹೆಬ್ಬಾಗಿಲು, ಹೆಬ್ಬೆರಳು ಇವೆಲ್ಲವೂ ತಾವಾಗಿಯೇ ಬಿಡಿಸಿಕೊಳ್ಳುತ್ತವೆ. ಅವುಗಳಲ್ಲಿ ನನಗೆ ಬಹಳ ಪ್ರಿಯವಾದದ್ದು ಹೆಬ್ಬಾವು. ಹಾವು ಹಿಂದೆ ‘ಪಾವು’ ಆಗಿತ್ತು. ಸಮಾಸದ ನಡುವೆ ಸಿಕ್ಕಿಕೊಂಡ ಆ ಪಕಾರ ಹಕಾರವಾಗದೆ ಬಕಾರವಾಯಿತು. ಹೀಗಾಗಿ ಸಾವಿರ ವರ್ಷ ಹಿಂದಿನ ಉಚ್ಚಾರಣೆಯ ಗುರುತು ಇಂದಿನ ಮಕ್ಕಳ ಬಾಯಲ್ಲಿಯೂ ಉಳಿದಿದೆ. ಹೆಬ್ಬಾರ ಎಂಬ ಹೆಸರಿನ ಬಕಾರವೂ ಅಂಥದೇ: ಅದು ಪೆರ್ ಮತ್ತು ಪಾರ್ವ, ಅಂದರೆ ಹಿರಿಯ ಹಾರುವ (ಬ್ರಾಹ್ಮಣ).

ಪ್ರಶ್ನೆ: ಬೆಂಗಳೂರಿನ ಹೆಬ್ಬಾಳ ಎಂದರೆ ‘ದೊಡ್ಡ ಹಳ್ಳ’ ಎಂದು ನಮ್ಮ ಬಡಾವಣೆಯ ಹಿರಿಯರು ಹೇಳುತ್ತಾರೆ. ಇದು ಸರಿಯೇ?

ಉತ್ತರ: ಧ್ವನಿನಿಯಮದ ದೃಷ್ಟಿಯಿಂದ ಅಸಾಧ್ಯವಾದ ವಿವರಣೆಯೇನೂ ಅಲ್ಲ. ಆದರೆ ಈ ಊರಿನ ಮಟ್ಟಿಗೆ ಊಹೆಗಿಂತ ಬಲವಾದ ಸಾಕ್ಷ್ಯವಿದೆ. 2018ರಲ್ಲಿ ಹೆಬ್ಬಾಳದಲ್ಲಿಯೇ ಬೆಳಕಿಗೆ ಬಂದ ವೀರಗಲ್ಲೊಂದು ಗಂಗ ದೊರೆ ಶ್ರೀಪುರುಷನ ಕಾಲದ್ದು. ವಿದ್ವಾಂಸರು ಅದನ್ನು ಸುಮಾರು ಕ್ರಿ.ಶ. 750ಕ್ಕೆ ಸೇರಿಸಿದ್ದಾರೆ. ಕಿತ್ತಯ್ಯನೆಂಬ ವೀರ ಹೋರಾಡಿ ಮಡಿದುದನ್ನು ಹೇಳುವ ಆ ಕಲ್ಲು ಈ ಪ್ರದೇಶವನ್ನು ‘ಪೆರ್ಬೊಳಲ್‌ನಾಡು ಮೂವತ್ತು’, ಅಂದರೆ ಮೂವತ್ತು ಊರುಗಳ ನಾಡು, ಎಂದು ಕರೆಯುತ್ತದೆ. ಪೊಳಲ್ ಎಂದರೆ ಪಟ್ಟಣ. ಚಿತ್ರದುರ್ಗ ಜಿಲ್ಲೆಯ ಹೊಳಲ್ಕೆರೆಯಲ್ಲಿರುವ ‘ಹೊಳಲು’ ಅದೇ ಪದ. ಆದ್ದರಿಂದ ಪೆರ್ಬೊಳಲ್ ಎಂದರೆ ದೊಡ್ಡ ಪಟ್ಟಣ, ಅದು ಸವೆದು ಹೆಬ್ಬಾಳವಾಗಿದೆ. ಬೆಂಗಳೂರಿನ ಅಂಚಿನ ಹಳ್ಳಿಯೆಂದು ನಾವು ಬಹುಕಾಲ ಎಣಿಸಿದ್ದ ಊರು ಎಂಟನೆಯ ಶತಮಾನದಲ್ಲಿಯೇ ಒಂದು ನಾಡಿಗೆ ಹೆಸರು ಕೊಡುವಷ್ಟು ದೊಡ್ಡದಾಗಿತ್ತು ಎಂಬುದು ಈ ಒಂದು ಪದದಿಂದ ತಿಳಿಯುತ್ತದೆ. ಇಂಥ ಕಲ್ಲುಗಳನ್ನು ಒಗೆಯುವ ಹಾಸುಗಲ್ಲಾಗಿಯೋ ಅಡಿಪಾಯಕ್ಕೋ ಬಳಸುವುದನ್ನು ಕಂಡವರು ದಯವಿಟ್ಟು ತಡೆಯಬೇಕು. ಹೋದರೆ ಊರಿನ ಹೆಸರಿನ ಸಾಕ್ಷಿಯೇ ಹೋದಂತೆ.

ಬೇರೆ ಊರುಗಳ ಹೆಬ್ಬಾಳಗಳಿಗೆ ಇದೇ ವಿವರಣೆಯನ್ನು ಹಚ್ಚಬಾರದು. ಒಂದೊಂದರ ಹಳೆಯ ರೂಪವನ್ನು ಆಯಾ ಪ್ರದೇಶದ ಶಾಸನ, ಕಡತಗಳಲ್ಲಿ ಹುಡುಕಿದ ಮೇಲೆಯೇ ತೀರ್ಮಾನಕ್ಕೆ ಬರಬೇಕು. ಧಾರವಾಡದ ಬಳಿಯ ಹೆಬ್ಬಳ್ಳಿಯಲ್ಲಿ ಮಾತ್ರ ಗೊಂದಲವಿಲ್ಲ, ಅದು ಹಿರಿಯ ಹಳ್ಳಿಯೇ. ಮುಂದೆ ಸ್ವರ ಬಂದಾಗ ಪೆರ್ ದೀರ್ಘವಾಗಿ ‘ಪೇರ್’ ಆಗುತ್ತದೆ. ನಾಡಿನ ಹಲವೆಡೆ ಇರುವ ಹೇರೂರುಗಳೂ ತಮಿಳುನಾಡಿನ ಪೇರೂರೂ ಹೆಸರಿನಲ್ಲಿ ಅಕ್ಕತಂಗಿಯರು.

ಪ್ರಶ್ನೆ: ನಾನು ಪ್ರೌಢಶಾಲೆಯಲ್ಲಿ ಕನ್ನಡ ಕಲಿಸುತ್ತೇನೆ. ‘ಹೆಮ್ಮೆ’ ಎಂಬ ಪದವನ್ನು ಬಿಡಿಸುವುದು ಹೇಗೆ ಎಂದು ವಿದ್ಯಾರ್ಥಿನಿಯೊಬ್ಬಳು ಕೇಳಿದಳು.

ಉತ್ತರ: ಪೆರ್ ಎಂಬುದಕ್ಕೆ ‘ಮೆ’ ಪ್ರತ್ಯಯ ಸೇರಿ ಪೆರ್ಮೆ, ಅದರಿಂದ ಹೆಮ್ಮೆ. ಜಾಣ್ಮೆ, ತಾಳ್ಮೆಗಳಲ್ಲಿರುವ ಪ್ರತ್ಯಯವೇ ಇಲ್ಲಿಯೂ ಇದೆ. ತಮಿಳಿನ ‘ಪೆರುಮೈ’ ಇದರ ಜೊತೆಯ ಪದ. ಗಮನಿಸಬೇಕಾದದ್ದು ಅರ್ಥದ ಚಲನೆ. ಹಳಗನ್ನಡದ ಪೆರ್ಮೆ ಮುಖ್ಯವಾಗಿ ಹಿರಿಮೆ, ಅಂದರೆ ವ್ಯಕ್ತಿಯಲ್ಲಿಯೋ ವಸ್ತುವಿನಲ್ಲಿಯೋ ಇರುವ ದೊಡ್ಡತನ. ಇಂದಿನ ಹೆಮ್ಮೆಯಾದರೋ ಆ ದೊಡ್ಡತನವನ್ನು ಕಂಡವರ ಮನಸ್ಸಿನಲ್ಲಿ ಏಳುವ ಭಾವ. ಹೆಮ್ಮೆ ಹೀಗೆ ಒಳಮುಖವಾದಾಗ ಅದು ಬಿಟ್ಟ ಜಾಗದಲ್ಲಿ ‘ಹಿರಿಮೆ’ ಇಂದಿಗೂ ಕೆಲಸ ಮಾಡುತ್ತಿದೆ. ಅದು ಇದೇ ಬೇರಿನ ‘ಪಿರಿ’ ಎಂಬ ರೂಪದಿಂದ ಹುಟ್ಟಿದ್ದು.

ವಿದ್ಯಾರ್ಥಿನಿಗೆ ಎರಡು ವಿಷಯಗಳನ್ನು ಹೇಳಿ. ‘ಹೆ’ಯಿಂದ ಮೊದಲಾಗುವುದೆಲ್ಲವೂ ಈ ಬಳಗಕ್ಕೆ ಸೇರುವುದಿಲ್ಲ: ಹೆಣ್ಣು ‘ಪೆಣ್’ ಎಂಬುದರಿಂದಲೂ ಹೆಸರು ‘ಪೆಸರ್’ ಎಂಬುದರಿಂದಲೂ ಬಂದಿವೆ. ‘ಹೆ’ಯ ಮುಂದೆ ಒತ್ತಕ್ಷರವಿದ್ದು, ಉಳಿದ ಭಾಗ ತಾನೇ ಒಂದು ಪದವಾಗಿ, ‘ದೊಡ್ಡ’ ಎಂಬ ಅರ್ಥ ಕೂಡಿದರೆ ಮಾತ್ರ ಅಲ್ಲಿ ಪೆರ್ ಇರುವ ಸಂಭವ ಹೆಚ್ಚು. ಎರಡನೆಯದು, ಈ ಬೇರು ಇನ್ನೂ ಚಿಗುರುತ್ತಿದೆ. ಶಾಸನಗಳು ಭೂಮಿಯ ಎಲ್ಲೆ ಹೇಳುವಾಗ ದೊಡ್ಡ ದಾರಿಯನ್ನು ‘ಹೆಬ್ಬಟ್ಟೆ’ ಎಂದವು, ಕೃಷ್ಣಾ ನದಿಯನ್ನು ‘ಪೆರ್ದೊರೆ’ ಎಂದವು. ವಾಹನಗಳ ಕಾಲದ ರಸ್ತೆಗೆ ಹೆಸರು ಬೇಕಾದಾಗ ಕನ್ನಡಿಗರು ಅದೇ ಅಚ್ಚಿನ ‘ಹೆದ್ದಾರಿ’ಯನ್ನು ಬಳಸಿಕೊಂಡರು. ಪೆರ್ ಎಂಬುದನ್ನು ಬಿಡಿಯಾಗಿ ಯಾರೂ ಆಡದ ಈ ಕಾಲದಲ್ಲಿಯೂ ಆ ಪದ ಯಾರಿಗೂ ಅಪರಿಚಿತವೆನಿಸಲಿಲ್ಲ.