ಪ್ರ: ಎಲ್ಡನ್ ರಿಂಗ್ ವಿಡಿಯೋ ಗೇಮ್‌ನಲ್ಲಿ ವ್ಯಾಗಬಾಂಡ್ ಪಾತ್ರ ಪೆಟ್ಟು ತಪ್ಪಿಸಲು ಉರುಳುವುದು ಭಾರ, ಕವಚ ಬದಲಿಸಲೇ?

ಕವಚ ಬಿಚ್ಚುವ ಮೊದಲು ಹಾಲ್ಬರ್ಡ್ (ಉದ್ದ ಹಿಡಿಯ ಆಯುಧ) ತೆಗೆಯಿರಿ. ಅದೊಂದೇ 6.0 ತೂಕ. ಕೈಯಲ್ಲಿ ಹಿಡಿಯದಿದ್ದರೂ ಆಯುಧದ ಸ್ಲಾಟ್‌ನಲ್ಲಿದ್ದರೆ ಲೆಕ್ಕಕ್ಕೆ ಬರುತ್ತದೆ, ಚೀಲದಲ್ಲಿದ್ದರೆ ಇಲ್ಲ. ಎಂಡ್ಯುರೆನ್ಸ್ (ತಾಳಿಕೆಯ ಅಂಕ) 11ಕ್ಕೆ ಹೊರೆ ಮಿತಿ ಸುಮಾರು 49.7, ಅದರ 70%, ಅಂದರೆ 34.8ರ ಒಳಗಿದ್ದರೆ ಮಧ್ಯಮ ಉರುಳು ಸಿಗುತ್ತದೆ. 70% ಮುಟ್ಟಿತೋ, ಮೂಟೆ ಬಿದ್ದ ಹಾಗೆ ದೊಪ್ಪನೆ.

ಇನ್ನೂ ಮಿತಿ ಮೀರಿದರೆ ಕೈಗವಸು, ಶಿರಸ್ತ್ರಾಣ ಕಳಚಿ. ಎದೆಕವಚ ಕೊನೆಗೆ, ಹೆಚ್ಚಿನ ರಕ್ಷಣೆ ಅದರಲ್ಲೇ ಇದೆ. ಹೀಟರ್ ಶೀಲ್ಡ್ ಮಾತ್ರ ಬಿಡಬೇಡಿ, ದೈಹಿಕ ಪೆಟ್ಟು ಪೂರ್ತಿ 100% ತಡೆಯುತ್ತದೆ. ಅಪ್‌ಗ್ರೇಡ್ ಮಾಡುವ ಸ್ಮಿಥಿಂಗ್ ಸ್ಟೋನ್ ಆಯುಧ, ಗುರಾಣಿಗೆ. ಕವಚಕ್ಕೆ ಅಪ್‌ಗ್ರೇಡ್ ಇಲ್ಲವೇ ಇಲ್ಲ. ಹಾಗಾಗಿ ಮಟ್ಟ ಏರಿಸಲು ಬಳಸುವ ಮೊದಲ ರೂನ್‌ಗಳು ವಿಗರ್‌ಗೆ (ಜೀವಬಲದ ಅಂಕಕ್ಕೆ) ಹೋಗಲಿ. ಹೊರೆ 30%ರ ಒಳಗಿದ್ದರೆ ಸಿಗುವ ಹಗುರ ಉರುಳಿಗಾಗಿ ಬರಿಮೈ ಆಗುವುದು ಈ ಹಂತದಲ್ಲಿ ದಂಡ.